ಪದ ಪರಿಚಯ: ಉಪಗ್ರಹ

ಹಾಸನದ ಸಾಲಗಾಮೆ ರಸ್ತೆಯಲ್ಲಿ ಇಸ್ರೋದ ಮುಖ್ಯ ನಿಯಂತ್ರಣ ಕೇಂದ್ರವಿದೆ. 1982ರಿಂದ ಇನ್ಸಾಟ್ ಸರಣಿಯ ಉಪಗ್ರಹಗಳನ್ನು ಕಾಯುತ್ತಿರುವುದು ಇದೇ ಕೇಂದ್ರ. ಹಾಗಾಗಿ ಈ ಜಿಲ್ಲೆಯ ಮಟ್ಟಿಗೆ 'ಉಪಗ್ರಹ' ಬರೀ ಪಠ್ಯಪುಸ್ತಕದ ಮಾತಲ್ಲ.

'ಉಪ' ಎಂದರೆ ಹತ್ತಿರದ, ಅಧೀನದ. ಹೊಳೆನರಸೀಪುರದ ಹೇಮಾವತಿ ಕಾವೇರಿಯ ಉಪನದಿ ಎನ್ನುವಾಗಲೂ ಇದೇ ಉಪಸರ್ಗ. ಜ್ಯೋತಿಷದಲ್ಲಿ 'ಉಪಗ್ರಹ' ಮೊದಲೇ ಇತ್ತು. ಆದರೆ ಅಲ್ಲಿ ಗುಳಿಕನಂಥ ಲೆಕ್ಕದ ಬಿಂದುಗಳಿಗೆ ಆ ಹೆಸರು. ಗ್ರಹವನ್ನು ಸುತ್ತುವ ಕಾಯ ಎಂಬ ಅರ್ಥ ಆಧುನಿಕ ಖಗೋಳಶಾಸ್ತ್ರದ ಜೊತೆ ಬಂತು.

ಆ ಅರ್ಥದ ಹಿಂದೆ ಯೊಹಾನೆಸ್ ಕೆಪ್ಲರ್ (1571–1630) ಇದ್ದಾನೆ. 1610ರ ಜನವರಿಯಲ್ಲಿ ಗೆಲಿಲಿಯೋ ಗುರುವಿನ ನಾಲ್ಕು ಚಂದ್ರರನ್ನು ಕಂಡು, ಮೆಡಿಚಿ ಅರಸುಮನೆತನದ ಹೆಸರಿಟ್ಟ. ದೂರದರ್ಶಕವನ್ನು ಎರವಲು ಪಡೆದು ತಾನೂ ನೋಡಿದ ಕೆಪ್ಲರ್, ಅವನ್ನು 'ಸ್ಯಾಟೆಲೆಸ್' ಎಂದು ಕರೆದ; ಇಂಗ್ಲಿಷಿನ 'ಸ್ಯಾಟಲೈಟ್' ಇದರಿಂದಲೇ. ಲ್ಯಾಟಿನ್‌ನಲ್ಲಿ ಹಾಗೆಂದರೆ ಒಡೆಯನ ಸುತ್ತ ನಡೆಯುವ ಅಂಗರಕ್ಷಕ. ಅರಸನ ಹೆಸರಿಗಿಂತ ಚಲನೆಯನ್ನೇ ಹೇಳುವ ಈ ಹೆಸರು ನನಗೆ ಹೆಚ್ಚು ಇಷ್ಟ.

ಹಾಸನಕ್ಕೆ ಅವನಿಂದ ಬಂದದ್ದು ಹೆಸರಷ್ಟೇ ಅಲ್ಲ. ಸುತ್ತುವ ಕಾಲದ ವರ್ಗ ದೂರದ ಘನಕ್ಕೆ ಅನುಪಾತದಲ್ಲಿರುತ್ತದೆ ಎಂದು ಗ್ರಹಗಳ ಬಗ್ಗೆ ಅವನು 1619ರಲ್ಲಿ ಪ್ರಕಟಿಸಿದ. ನಿಯಮ ಉಪಗ್ರಹಗಳಿಗೂ ಸಲ್ಲುತ್ತದೆ. ಚಂದ್ರ ಸುಮಾರು 3,84,000 ಕಿ.ಮೀ. ದೂರದಲ್ಲಿ, 27.3 ದಿನಕ್ಕೊಂದು ಸುತ್ತು. ಒಂದೇ ದಿನದಲ್ಲಿ ಸುತ್ತಬೇಕಾದರೆ? ಭೂಕೇಂದ್ರದಿಂದ ಸುಮಾರು 42,000 ಕಿ.ಮೀ., ಅಂದರೆ ನೆಲದಿಂದ ಹತ್ತಿರಹತ್ತಿರ 36,000. ಭೂಮಿಯ ಜೊತೆಜೊತೆಗೇ ತಿರುಗುವ, ಇನ್ಸಾಟ್‌ನಂಥ ಭೂಸ್ಥಿರ ಉಪಗ್ರಹಗಳು ನಿಲ್ಲುವುದು ಅಲ್ಲೇ. ಸೂರ್ಯ–ಚಂದ್ರರ ಸೆಳೆತಕ್ಕೆ ಅವು ಜರುಗಿದಾಗ ಮರಳಿ ಜಾಗಕ್ಕೆ ತರುವ ಆದೇಶ ಹಾಸನದಿಂದ ಹೋಗುತ್ತದೆ.