ಎರಡು ಮೈದಾನ, ಒಂದು ಹೆಸರು

2022ರ ಆಗಸ್ಟ್ 30, ಗಣೇಶ ಚತುರ್ಥಿಯ ಹಿಂದಿನ ದಿನ. ಬೆಂಗಳೂರಿನ ಚಾಮರಾಜಪೇಟೆಯ ಈದ್ಗಾ ಮೈದಾನದಲ್ಲಿ ಯಥಾಸ್ಥಿತಿ ಕಾಪಾಡಬೇಕೆಂದು ಸುಪ್ರೀಂ ಕೋರ್ಟ್ ಆದೇಶಿಸಿತು. ಅದೇ ರಾತ್ರಿ ಹುಬ್ಬಳ್ಳಿಯ ಈದ್ಗಾ ಮೈದಾನದಲ್ಲಿ ಗಣೇಶೋತ್ಸವಕ್ಕೆ ಪಾಲಿಕೆ ನೀಡಿದ್ದ ಅನುಮತಿಯನ್ನು ತಡೆಯಲು ಹೈಕೋರ್ಟಿನ ಧಾರವಾಡ ಪೀಠ ಒಪ್ಪಲಿಲ್ಲ. ಊರು ಬೇರೆ, ದಾವೆ ಬೇರೆ, ಚರಿತ್ರೆಯೂ ಬೇರೆ. ಹೆಸರು ಮಾತ್ರ ಒಂದೇ.

ಓದುಗರು ಇದನ್ನು ಬಿಡಿಸಿಕೊಂಡಾರು. ಅಕ್ಷರ ಹೊಂದಿಸಿ ಹುಡುಕುವ ಯಂತ್ರಕ್ಕೆ ಅದು ಸುಲಭವಲ್ಲ. 1994ರಲ್ಲಿ ಧ್ವಜಾರೋಹಣದ ಗಲಾಟೆ, ಗೋಲಿಬಾರು ನಡೆದದ್ದು ಹುಬ್ಬಳ್ಳಿಯಲ್ಲಿ. ಆ ಮೈದಾನ ಪಾಲಿಕೆಗೆ ಸೇರಿದ್ದೆಂದು ಸುಪ್ರೀಂ ಕೋರ್ಟ್ ಹೇಳಿದ್ದು 2010ರಲ್ಲಿ. ಈ ಎರಡೂ ಸಂಗತಿಗಳು ಚಾಮರಾಜಪೇಟೆಯ ಸುದ್ದಿಗೆ ಅಂಟಿಕೊಂಡರೆ, ಅಲ್ಲಿನ ನಿವಾಸಿಗಳು ತಮ್ಮದಲ್ಲದ ಚರಿತ್ರೆಗೆ ಉತ್ತರ ಕೊಡಬೇಕಾಗುತ್ತದೆ.

ಇಂಥ ಗೊಂದಲ ಬಿಡಿಸಲೆಂದೇ ಅರ್ಥ ತಿಳಿಯುವ ಜಾಲದ ಕಲ್ಪನೆ ಹುಟ್ಟಿತು. ಟಿಮ್ ಬರ್ನರ್ಸ್-ಲೀ ಮತ್ತು ಇಬ್ಬರು ಸಂಗಡಿಗರು 2001ರಲ್ಲಿ ಅದನ್ನು ಜನರ ಮುಂದಿಟ್ಟರು. ಪ್ರತಿ ವ್ಯಕ್ತಿಗೆ, ಸ್ಥಳಕ್ಕೆ ಒಂದು ಗುರುತು ಸಂಖ್ಯೆ. ಅವುಗಳ ನಡುವಿನ ಸಂಬಂಧಕ್ಕೂ ಒಂದು ಹೆಸರು. 2010ರ ಫುಟ್ಬಾಲ್ ವಿಶ್ವಕಪ್ಪಿನಲ್ಲಿ ಬಿಬಿಸಿ ಇದನ್ನು ಬಳಸಿತು. ವರದಿಗೆ ಆಟಗಾರನ ಗುರುತು ಹಚ್ಚಿದರೆ ಸಾಕು, ಅದು ಅವನ ಪುಟಕ್ಕೂ ತಂಡದ ಪುಟಕ್ಕೂ ತಾನಾಗಿ ಸೇರುತ್ತಿತ್ತು. 2012ರಲ್ಲಿ ವಿಕಿಡೇಟಾ ಬಂದಿತು.

ಚಾಮರಾಜಪೇಟೆಗೆ ಈ ಕೆಲಸ ತೀರಾ ಹೊಸದೇನೂ ಅಲ್ಲ. ಅಲ್ಲೇ ಇರುವ ಕನ್ನಡ ಸಾಹಿತ್ಯ ಪರಿಷತ್ತು ತನ್ನ ನಿಘಂಟಿನ ಎಂಟು ಸಂಪುಟಗಳನ್ನು 1970ರಿಂದ 1995ರವರೆಗೆ ಹೊರತಂದಿತು. ಒಂದೇ ಪದದ ಬೇರೆ ಬೇರೆ ಅರ್ಥಗಳನ್ನು ಬಿಡಿಸಿ, ಪ್ರಯೋಗಗಳನ್ನು ಆಧಾರದೊಡನೆ ತೋರಿಸಿದ ಕೆಲಸವದು. ಜಿ. ವೆಂಕಟಸುಬ್ಬಯ್ಯನವರು ಅದೇ ಶಿಸ್ತನ್ನು 'ಇಗೋ ಕನ್ನಡ' ಅಂಕಣದ ಮೂಲಕ ಪತ್ರಿಕೆಗೂ ತಂದರು. ಯಂತ್ರಕ್ಕೆ ಈಗ ಕಲಿಸುತ್ತಿರುವುದೂ ಹೆಚ್ಚುಕಡಿಮೆ ಇದನ್ನೇ, ಆದರೆ ಅಷ್ಟು ತಾಳ್ಮೆ ಎಲ್ಲ ಕಡೆ ಕಾಣುತ್ತಿಲ್ಲ.

ಮೈದಾನ, ಒಡೆತನ, ಒಡೆಯ: ಯಂತ್ರದ ವಾಕ್ಯ ಇಷ್ಟೇ. ಮೂರನೆಯ ಮನೆಯಲ್ಲಿ ಏನು ಬರೆಯುವುದು? ಚಾಮರಾಜಪೇಟೆಯ ವಿಷಯದಲ್ಲಿ ವಕ್ಫ್ ಮಂಡಳಿ 1965ರ ಗೆಜೆಟ್ ಅಧಿಸೂಚನೆಯನ್ನು ಮುಂದಿಟ್ಟಿತ್ತು. ಜಮೀನು ಕಂದಾಯ ಇಲಾಖೆಯದೆಂದು 2022ರಲ್ಲಿ ಬೆಂಗಳೂರು ಪಾಲಿಕೆ ಹೇಳಿತು. ಅವಸರದ ಪತ್ರಕರ್ತ 'ವಿವಾದಿತ ಮೈದಾನ' ಎಂಬ ಗುರುತು ಹಚ್ಚಿ ಕೈತೊಳೆದುಕೊಳ್ಳಬಹುದು. ಹಿಂದೆ ಅಂಥ ತಲೆಬರಹ ಮರುದಿನಕ್ಕೆ ಹಳತಾಗುತ್ತಿತ್ತು. ಗುರುತು ಹಾಗಲ್ಲ: ಅಲ್ಲಿ ಈದ್ ನಮಾಜು ನಡೆದ ಸುದ್ದಿಗೂ, ಮಕ್ಕಳು ಕ್ರಿಕೆಟ್ ಆಡಿದ ಸುದ್ದಿಗೂ ಅದು ಅಂಟಿಕೊಂಡೇ ಬರುತ್ತದೆ.

ವಿಕಿಡೇಟಾದಲ್ಲಿ ಇದಕ್ಕೊಂದು ದಾರಿಯಿದೆ. ಒಂದೇ ಪ್ರಶ್ನೆಗೆ ಪರಸ್ಪರ ಒಪ್ಪದ ಎರಡು ಉತ್ತರಗಳನ್ನು ದಾಖಲಿಸಬಹುದು. ಯಾರು ಹೇಳಿದರು, ಯಾವಾಗ ಹೇಳಿದರು ಎಂಬುದನ್ನೂ ಜೊತೆಗಿಡಬಹುದು. ನಮ್ಮ ಸುದ್ದಿಮನೆಗಳು ಹಾಗೆ ಮಾಡಿದರೆ 1965ರ ಗೆಜೆಟ್ಟೂ 2022ರ ಪಾಲಿಕೆಯ ಮಾತೂ ತಂತಮ್ಮ ತಾರೀಖಿನೊಂದಿಗೆ ಅಕ್ಕಪಕ್ಕ ಉಳಿಯುತ್ತವೆ, ಹುಬ್ಬಳ್ಳಿಯ 1994 ಹುಬ್ಬಳ್ಳಿಯಲ್ಲೇ ಉಳಿಯುತ್ತದೆ.