ಬ್ಯಾಬಿಲೋನಿನ ಕಾಲಲೇಖಕರು

ಯೂಫ್ರೆಟಿಸ್ ಮತ್ತು ಟೈಗ್ರಿಸ್ ನದಿಗಳ ನಡುವಣ ಬಯಲಿನಲ್ಲಿ ಎದ್ದು ಬಿದ್ದ ರಾಜ್ಯಗಳಿಗೆ ತಿಂಗಳು ಯಾವ ಸಂಜೆ ಮೊದಲಾಗುತ್ತದೆ ಎಂಬುದು ದೇವಾಲಯದ ಪೂಜೆಗೆ ಎಷ್ಟು ಬೇಕಿತ್ತೋ ಬೊಕ್ಕಸದ ಲೆಕ್ಕಕ್ಕೂ ಅಷ್ಟೇ ಬೇಕಿತ್ತು. ಅಲ್ಲಿ ಬಳಕೆಯಲ್ಲಿದ್ದುದು ಚಾಂದ್ರಮಾನ; ಪಡುವಣ ಬಾನಿನಲ್ಲಿ ಎಳೆಯ ಚಂದ್ರರೇಖೆ ಮೊದಲು ಕಂಡ ಸಂಜೆಯಿಂದ ಹೊಸ ತಿಂಗಳು ಎಣಿಕೆಯಾಗುತ್ತಿತ್ತು. ಇಂಥ ಹನ್ನೆರಡು ತಿಂಗಳು ಕೂಡಿದರೆ ಸುಮಾರು 354 ದಿನಗಳಾಗಿ ಸೌರವರ್ಷಕ್ಕೆ 11 ದಿನ ಕಡಿಮೆ ಬೀಳುವುದರಿಂದ, ಆಗಾಗ ಅಧಿಕಮಾಸವನ್ನು ಸೇರಿಸದಿದ್ದರೆ ಬಾರ್ಲಿಯ ತೆನೆ ಬಲಿಯುವ ಮೊದಲೇ ಕಂದಾಯದ ದಿನ ಬಂದುಬಿಡುತ್ತಿತ್ತು. ಎಲ್ಲಿ, ಯಾವಾಗ ಸೇರಿಸಬೇಕೆಂಬ ತೀರ್ಮಾನವು ಬಹುಕಾಲ ಅರಸನ ಕೈಯಲ್ಲೇ ಇತ್ತು. ಕ್ರಿ.ಪೂ. 18ನೆಯ ಶತಮಾನದಲ್ಲಿ ಹಮ್ಮುರಾಬಿಯು ಲಾರ್ಸಾದಲ್ಲಿದ್ದ ತನ್ನ ಅಧಿಕಾರಿ ಸಿನ್-ಇದ್ದಿನಮ್‌ಗೆ ಬರೆಸಿದ ಓಲೆಯೊಂದು ಉಳಿದಿದ್ದು, ಬರುವ ತಿಂಗಳನ್ನು ಎರಡನೆಯ ಉಲೂಲು ಎಂದು ನಮೂದಿಸಬೇಕೆಂದೂ, ಮುಂದಿನ ತಶ್ರೀತು ಮಾಸದ 25ಕ್ಕೆ ಬರಬೇಕಾಗಿದ್ದ ತೆರಿಗೆ ಈ ಎರಡನೆಯ ಉಲೂಲುವಿನ 25ಕ್ಕೇ ಬ್ಯಾಬಿಲೋನ್ ತಲುಪಬೇಕೆಂದೂ ಅದು ಆಜ್ಞಾಪಿಸುತ್ತದೆ. ಅಧಿಕಮಾಸದ ನೆಪದಲ್ಲಿ ಯಾರಿಗೂ ಒಂದು ತಿಂಗಳ ಸಾವಕಾಶ ಸಿಗಕೂಡದೆಂಬ ಎಚ್ಚರ ಆ ಅರಸನಿಗಿತ್ತು.

ಇಂಥ ತೀರ್ಮಾನಗಳ ಹಿಂದೆ ನಿಂತು ಆಕಾಶವನ್ನು ನೋಡಿ ಬರೆದಿಡುತ್ತಿದ್ದವರ ವೃತ್ತಿ ಸ್ಪಷ್ಟವಾಗಿ ಕಾಣಿಸುವುದು ಕ್ರಿ.ಪೂ. 7ನೆಯ ಶತಮಾನದ ಅಸ್ಸೀರಿಯಾ ಸಾಮ್ರಾಜ್ಯದಲ್ಲಿ. ಅವರಿಗೆ ‘ತುಪ್ಶರ್ ಎನೂಮ ಅನು ಎನ್ಲಿಲ್’ ಎಂಬ ಹೆಸರಿತ್ತು. ತುಪ್ಶರ್ ಎಂದರೆ ಲೇಖಕ, ಎನೂಮ ಅನು ಎನ್ಲಿಲ್ ಎಂಬುದು ಸುಮಾರು 70 ಮಣ್ಣಿನ ಫಲಕಗಳಷ್ಟು ಉದ್ದದ ಆಕಾಶಶಕುನಗಳ ಗ್ರಂಥ. ಎಸರ್‌ಹದ್ದೋನ್ ಮತ್ತು ಅವನ ಮಗ ಅಶುರ್ಬನಿಪಾಲರಿಗೆ ಈ ಲೇಖಕರು ಬರೆದ ನೂರಾರು ಪತ್ರಗಳೂ ವರದಿಗಳೂ ನಿನೆವೆಯ ಅವಶೇಷಗಳಲ್ಲಿ ದೊರೆತಿವೆ. ಚಂದ್ರ 30ನೆಯ ದಿನ ಕಂಡನೋ ಇಲ್ಲವೋ, ಗ್ರಹಣ ಯಾವ ಕಡೆಯಿಂದ ಹಿಡಿಯಿತು ಎಂಬಂಥ ಸುದ್ದಿಗಳು ಅಸ್ಸೀರಿಯಾದ ನಗರಗಳಿಂದಲೂ ಬ್ಯಾಬಿಲೋನಿಯದ ನಗರಗಳಿಂದಲೂ ಬೇರೆಬೇರೆಯಾಗಿ ಬರುತ್ತಿದ್ದುದರಿಂದ ಒಬ್ಬನ ಮಾತನ್ನು ಇನ್ನೊಬ್ಬನ ಮಾತಿನೊಡನೆ ತಾಳೆ ನೋಡಲು ಅರಸನಿಗೆ ಅನುಕೂಲವಿತ್ತು. ಯುವರಾಜ ಅಶುರ್ಬನಿಪಾಲನಿಗೆ ಗುರುವಾಗಿದ್ದ ಬಲಸೀ, ನಕ್ಷತ್ರಗಳೆಲ್ಲ ಹಿಂದೆ ಬಿದ್ದಿರುವುದರಿಂದ ತಿಂಗಳೊಂದನ್ನು ಸೇರಿಸಬೇಕೆಂದು ಸಲಹೆಯಿತ್ತ ಬರಹವೂ ಇವುಗಳಲ್ಲಿ ಒಂದು. ಅರಸನಿಗೆ ಕೇಡು ಸೂಚಿಸುವ ಗ್ರಹಣವೆಂದು ಈ ಪಂಡಿತರು ಹೇಳಿದರೆ, ಯಾರೋ ಬಡಪಾಯಿಯೊಬ್ಬನನ್ನು ಕೆಲಕಾಲ ಸಿಂಹಾಸನದ ಮೇಲೆ ಕೂರಿಸಿ, ಅನಂತರ ಅವನನ್ನು ಕೊಲ್ಲುವ ‘ಬದಲಿ ಅರಸ’ನ ಪದ್ಧತಿಯೂ ಇತ್ತು. ಅವರ ವಿದ್ಯೆಯನ್ನು ಮೆಚ್ಚುವವರು ಈ ಕ್ರೌರ್ಯವನ್ನು ಮರೆಮಾಚಬೇಕಾದ ಅಗತ್ಯವಿಲ್ಲ.

ಆದರೆ ಆ ವೃತ್ತಿಯ ನಿಜವಾದ ಹಿರಿಮೆಯಿರುವುದು ಶಕುನಗಳಲ್ಲಲ್ಲ, ದಾಖಲೆಗಳಲ್ಲಿ. ಬ್ಯಾಬಿಲೋನ್ ನಗರದ ಲೇಖಕರು ಇರುಳಿನಿಂದ ಇರುಳಿಗೆ ಬರೆದಿಟ್ಟ, ವಿದ್ವಾಂಸರು ‘ಖಗೋಳ ದಿನಚರಿ’ ಎಂದು ಕರೆಯುವ ಫಲಕಗಳಲ್ಲಿ ಇಂದು ಉಳಿದಿರುವವು ಕ್ರಿ.ಪೂ. 652ರಿಂದ ಕ್ರಿ.ಪೂ. 61ರವರೆಗಿನವು. ಚಂದ್ರ ಮತ್ತು ಗ್ರಹಗಳ ಸ್ಥಾನ, ಮಳೆ, ಗಾಳಿ, ಒಂದು ಶೆಕಲ್ ತೂಕದ ಬೆಳ್ಳಿಗೆ ಎಷ್ಟು ಬಾರ್ಲಿ, ಖರ್ಜೂರ, ಎಳ್ಳು, ಉಣ್ಣೆ ಸಿಗುತ್ತಿತ್ತು, ಯೂಫ್ರೆಟಿಸಿನ ನೀರು ಎಷ್ಟು ಏರಿತು ಅಥವಾ ಇಳಿಯಿತು, ಊರಿನಲ್ಲೇನು ನಡೆಯಿತು ಎಂಬುದೆಲ್ಲ ಅದೇ ಫಲಕದ ಮೇಲೆ ಬರುತ್ತದೆ. ಮೋಡ ಕವಿದಿದ್ದರೆ ತಾನು ನೋಡಲಿಲ್ಲವೆಂದೇ ಲೇಖಕ ಬರೆಯುತ್ತಾನೆ. ನೋಡದುದನ್ನು ನೋಡಿದಂತೆ ತುಂಬಿಸುವ ಚಾಳಿ ಅವನಿಗಿಲ್ಲ. ಕ್ರಿ.ಪೂ. 323ರ ಜೂನಿನಲ್ಲಿ ಅಲೆಕ್ಸಾಂಡರ್ ಅದೇ ನಗರದಲ್ಲಿ ತೀರಿಕೊಂಡಾಗ, ಅರಸ ಸತ್ತನೆಂಬುದೂ ಮೋಡವಿತ್ತೆಂಬುದೂ ಒಂದೇ ದನಿಯಲ್ಲಿ ದಾಖಲಾದವು. ಹೊತ್ತನ್ನು ಅಳೆಯಲು ಹಗಲಿರುಳನ್ನು 360 ಭಾಗ ಮಾಡಿದ ‘ಉಶ್’ ಎಂಬ ಮಾನವಿತ್ತು. ಒಂದು ಉಶ್ ಇಂದಿನ ನಾಲ್ಕು ನಿಮಿಷಕ್ಕೆ ಸಮವಾದುದರಿಂದ, ನಮ್ಮ ಪಂಚಾಂಗದ ಒಂದು ಘಳಿಗೆಯಲ್ಲಿ ಆರು ಉಶ್‌ಗಳಿರುತ್ತವೆ.

ತಲೆಮಾರುಗಳ ಈ ಕೂಡಿಟ್ಟ ಬರಹವೇ ಅರಸನ ಅಧಿಕಾರವೊಂದನ್ನು ಸದ್ದಿಲ್ಲದೆ ಕಿತ್ತುಕೊಂಡಿತು. 19 ಸೌರವರ್ಷಗಳು 235 ಚಾಂದ್ರಮಾಸಗಳಿಗೆ ಹೆಚ್ಚುಕಡಮೆ ಸರಿಹೊಂದುತ್ತವೆ, ಆದ್ದರಿಂದ 19 ವರ್ಷಗಳಲ್ಲಿ ಏಳು ಅಧಿಕಮಾಸಗಳನ್ನು ಗೊತ್ತಾದ ವರ್ಷಗಳಲ್ಲಿ ಸೇರಿಸಿದರೆ ಸಾಕು ಎಂಬ ನಿಯಮ ಕ್ರಿ.ಪೂ. 5ನೆಯ ಶತಮಾನದ ಹೊತ್ತಿಗೆ ನೆಲೆಗೊಂಡ ಮೇಲೆ, ಅಪ್ಪಣೆಯ ಓಲೆಗೆ ಮೊದಲಿನ ಕೆಲಸ ಉಳಿಯಲಿಲ್ಲ. ಪರ್ಷಿಯನ್ನರು, ಗ್ರೀಕರು, ಪಾರ್ಥಿಯನ್ನರು ಒಬ್ಬರಾದ ಮೇಲೊಬ್ಬರು ಆಳಿದರೂ ಲೆಕ್ಕ ಅದೇ ಸೂತ್ರದಲ್ಲಿ ಸಾಗಿತು. ಅರಮನೆಯ ಆಶ್ರಯ ತಪ್ಪಿದ ಲೇಖಕರನ್ನು ಈ ಕಾಲದಲ್ಲಿ ಪೋಷಿಸಿದ್ದು ಮರ್ದುಕ್ ದೇವರ ಎಸಗಿಲ ದೇವಾಲಯ. ಕ್ರಿ.ಪೂ. 2ನೆಯ ಶತಮಾನದ ಕೊನೆಯ ಅದರ ಕಡತಗಳಲ್ಲಿ, ತಂದೆಯ ವೀಕ್ಷಣೆಯ ಕೆಲಸವನ್ನು ಪೂರ್ಣವಾಗಿ ಮಾಡಬಲ್ಲೆವೆಂದು ಸಭೆಯ ಮುಂದೆ ತೋರಿಸಿಕೊಟ್ಟ ಮಕ್ಕಳಿಗೆ ತಂದೆಯ ಸಂಭಾವನೆ ಮುಂದುವರಿಯಬೇಕೆಂಬ ನಿರ್ಣಯವಿದೆ. ವೃತ್ತಿ ವಂಶದಿಂದ ಬರುತ್ತಿತ್ತಾದರೂ ಯೋಗ್ಯತೆಯನ್ನು ಪರೀಕ್ಷಿಸದೆ ಕೊಡುತ್ತಿರಲಿಲ್ಲ. ಊರಿನ ಆಡುಮಾತು ಅರಮಾಯಿಕ್ ಆಗಿ, ಬೆಣೆಯಾಕಾರದ ಕ್ಯೂನಿಫಾರ್ಮ್ ಲಿಪಿ ಬೇರೆಲ್ಲ ಬಳಕೆಯಿಂದ ಜಾರಿದ ಮೇಲೂ ಈ ಮನೆತನಗಳು ಅದರಲ್ಲೇ ಬರೆದವು. ಆ ಲಿಪಿಯಲ್ಲಿ ಕಾಲ ಗುರುತಿಸಬಹುದಾದ ಕಟ್ಟಕಡೆಯ ಫಲಕಗಳು ಕ್ರಿ.ಶ. 70ರ ದಶಕದ ಆಕಾಶಗಣಿತದವೇ ಆಗಿವೆ.

19ನೆಯ ಶತಮಾನದಲ್ಲಿ ಬ್ರಿಟಿಷ್ ಮ್ಯೂಸಿಯಂ ಸೇರಿದ ಈ ಫಲಕಗಳನ್ನು ಮೊದಲು ಬಿಡಿಸಿ ಓದಿದವರು ಸ್ಟ್ರಾಸ್ಮೇಯರ್ ಮತ್ತು ಎಪ್ಪಿಂಗ್ ಎಂಬ ಇಬ್ಬರು ಜೆಸ್ಯೂಟ್ ಪಾದ್ರಿಗಳು; ಅಬ್ರಹಾಂ ಸ್ಯಾಕ್ಸ್ ಸಿದ್ಧಪಡಿಸಿದ್ದ ದಿನಚರಿಗಳ ಪಾಠವನ್ನು ಹರ್ಮನ್ ಹುಂಗರ್ 1988ರಿಂದ ಸಂಪುಟಗಳಾಗಿ ಹೊರತಂದರು. ಕ್ರಿ.ಪೂ. 136ರ ಏಪ್ರಿಲ್ 15ರಂದು ಸೂರ್ಯೋದಯವಾಗಿ 24 ಉಶ್ ಕಳೆದ ಮೇಲೆ ಗ್ರಹಣ ಹಿಡಿದು ಸೂರ್ಯ ಪೂರ್ಣವಾಗಿ ಮರೆಯಾದುದನ್ನು ಲೇಖಕರು ಬ್ಯಾಬಿಲೋನಿನಲ್ಲಿ ನಿಂತು ಕಂಡಿದ್ದಾರೆ. ಭೂಮಿ ಅಂದಿನಿಂದ ಒಂದೇ ವೇಗದಲ್ಲಿ ತಿರುಗುತ್ತಿದ್ದಿದ್ದರೆ ಆ ನೆರಳು ಸುಮಾರು 49 ಡಿಗ್ರಿ ರೇಖಾಂಶದಷ್ಟು ಪಶ್ಚಿಮಕ್ಕೆ ಬೀಳಬೇಕಾಗಿತ್ತು. ಹಗಲಿರುಳಿನ ಅವಧಿ ಶತಮಾನಕ್ಕೆ ಸರಾಸರಿ 1.8 ಮಿಲಿಸೆಕೆಂಡಿನಷ್ಟು ಹಿಗ್ಗುತ್ತಿದೆ ಎಂಬ ಇಂದಿನ ಖಗೋಳವಿಜ್ಞಾನದ ಲೆಕ್ಕಕ್ಕೆ ಇಂಥ ದಾಖಲೆಗಳೇ ಮುಖ್ಯ ಆಧಾರಗಳಲ್ಲಿ ಒಂದಾಗಿವೆ.