ಸಮುದ್ರದ ಸಾರ್ಥ: 1917ರ ಒಂದು ಎಣಿಕೆಯ ತಪ್ಪು

ಪ್ರಾಚೀನ ಭಾರತದ ವರ್ತಕರು ದೂರದೇಶದ ವ್ಯಾಪಾರಕ್ಕೆ ಒಂಟಿಯಾಗಿ ಹೊರಡುತ್ತಿರಲಿಲ್ಲ. ಸರಕು ಹೇರಿದ ಎತ್ತುಗಳು, ಬಂಡಿಗಳು ಮತ್ತು ಕಾವಲಿನವರು ಒಟ್ಟುಗೂಡಿ ನಡೆಯುವ ಆ ಸಮೂಹಕ್ಕೆ ಸಾರ್ಥವೆಂದೂ, ಅದನ್ನು ಮುನ್ನಡೆಸುವ ಹಿರಿಯನಿಗೆ ಸಾರ್ಥವಾಹನೆಂದೂ ಹೆಸರು. ಹಳೆಯ ಕಥಾಸಾಹಿತ್ಯವನ್ನು ಓದಿದವರಿಗೆ ಈ ಪದಗಳು ಪರಿಚಿತವೇ. ಕಳ್ಳರ ಭಯವಿರುವ ದಾರಿಯಲ್ಲಿ ಒಗ್ಗೂಡಿ ನಡೆಯುವುದೇ ಕ್ಷೇಮವೆಂಬ ಈ ತಿಳಿವಳಿಕೆ ಸಮುದ್ರಯಾನಕ್ಕೂ ಹೊಸದಾಗಿರಲಿಲ್ಲ. ಫ್ರಾನ್ಸಿನೊಡನೆ ಯುದ್ಧ ನಡೆಯುತ್ತಿದ್ದ 1798ರಲ್ಲಿ, ವಿದೇಶ ವ್ಯಾಪಾರದ ಹಡಗುಗಳು ಯುದ್ಧನೌಕೆಗಳ ಬೆಂಗಾವಲಿನಲ್ಲಿಯೇ ಸಾಗಬೇಕೆಂದು ಬ್ರಿಟನ್ ಶಾಸನವನ್ನೇ ಮಾಡಿತ್ತು. ಅದೇ ಬ್ರಿಟನ್ 1917ರಲ್ಲಿ ಈ ಪದ್ಧತಿಯನ್ನು ಮತ್ತೆ ಕೈಗೊಳ್ಳಲು ತಿಂಗಳುಗಟ್ಟಲೆ ಹಿಂಜರಿಯಿತು. ಆ ಹಿಂಜರಿಕೆಯ ಕಾರಣಗಳಲ್ಲಿ ಒಂದು ಸಂಖ್ಯೆಯ ಪಾತ್ರ ದೊಡ್ಡದು.

ಬ್ರಿಟನ್ ದ್ವೀಪರಾಷ್ಟ್ರ. ಅದರ ಗೋಧಿ, ಮಾಂಸ, ಎಣ್ಣೆ, ಅದಿರುಗಳ ಬಹುಪಾಲು ಹಡಗುಗಳಲ್ಲಿಯೇ ಬರಬೇಕಿತ್ತು. ಜರ್ಮನಿಯ ನೌಕಾಧಿಪತಿ ಹೋಲ್ಟ್‌ಜೆಂಡಾರ್ಫ್ 1916ರ ಡಿಸೆಂಬರಿನಲ್ಲಿ ಸಲ್ಲಿಸಿದ ವರದಿಯ ತಿರುಳು ಇದೇ ಆಗಿತ್ತು: ತಿಂಗಳಿಗೆ 6 ಲಕ್ಷ ಟನ್ನುಗಳಷ್ಟು ಹಡಗುಗಳನ್ನು ಮುಳುಗಿಸಿದರೆ ಐದು ತಿಂಗಳಲ್ಲಿ ಬ್ರಿಟನ್ ಶಾಂತಿಗಾಗಿ ಕೈಚಾಚುತ್ತದೆ. 1917ರ ಫೆಬ್ರವರಿ 1ರಿಂದ ಜರ್ಮನ್ ಜಲಾಂತರ್ಗಾಮಿಗಳು ತಟಸ್ಥ ರಾಷ್ಟ್ರಗಳ ಹಡಗುಗಳನ್ನೂ ಬಿಡದೆ, ಮುನ್ಸೂಚನೆಯನ್ನೂ ಕೊಡದೆ ಟಾರ್ಪಿಡೊ ಹೊಡೆಯತೊಡಗಿದವು. ಏಪ್ರಿಲ್ ತಿಂಗಳೊಂದರಲ್ಲಿಯೇ ಎಲ್ಲ ದೇಶಗಳದೂ ಸೇರಿ ಎಂಟೂವರೆ ಲಕ್ಷಕ್ಕೂ ಹೆಚ್ಚು ಟನ್ನಿನ ಹಡಗುಗಳು ನಾಶವಾದವು. ಅಮೆರಿಕ ಯುದ್ಧಕ್ಕಿಳಿದ ಕೆಲವೇ ದಿನಗಳಲ್ಲಿ ಲಂಡನ್ನಿಗೆ ಬಂದ ಅಡ್ಮಿರಲ್ ಸಿಮ್ಸ್‌ಗೆ ಬ್ರಿಟಿಷ್ ನೌಕಾಸೇನೆಯ ಮುಖ್ಯಸ್ಥ ಜೆಲಿಕೊ ಈ ಅಂಕಿಗಳನ್ನು ತೋರಿಸಿದನು. ಇದಕ್ಕೆ ಸದ್ಯಕ್ಕೆ ಪರಿಹಾರವೇನೂ ಕಾಣುತ್ತಿಲ್ಲವೆಂದು ಒಪ್ಪಿಕೊಂಡನು.

ಪರಿಹಾರ ಕಣ್ಣೆದುರಿಗೇ ಇದ್ದರೂ ಅಡ್ಮಿರಾಲ್ಟಿ, ಅಂದರೆ ಬ್ರಿಟನ್ನಿನ ನೌಕಾ ಆಡಳಿತ ಕಚೇರಿ, ಅದನ್ನು ಒಪ್ಪಿರಲಿಲ್ಲ. ಅದರ ಆಕ್ಷೇಪಗಳನ್ನು ಕೇವಲ ಮೂಢತನವೆಂದು ತಳ್ಳಿಹಾಕುವಂತಿಲ್ಲ. ಗುಂಪಿನಲ್ಲಿ ಸಾಗುವ ಹಡಗುಗಳೆಲ್ಲವೂ ಅತಿ ನಿಧಾನದ ಹಡಗಿನ ವೇಗಕ್ಕೆ ಇಳಿಯಬೇಕಾಗುತ್ತದೆ. ಒಮ್ಮೆಲೇ ಬಂದಿಳಿದರೆ ಬಂದರುಗಳಲ್ಲಿ ದಟ್ಟಣೆಯಾಗುತ್ತದೆ. ಇಪ್ಪತ್ತು ಹಡಗುಗಳ ಗುಂಪು ಶತ್ರುವಿಗೆ ಇಪ್ಪತ್ತು ಗುರಿಗಳನ್ನು ಒಂದೇ ಕಡೆ ಒದಗಿಸುತ್ತದೆ. ಫೆಬ್ರವರಿ 23ರಂದು ಅಡ್ಮಿರಾಲ್ಟಿ ಕರೆಸಿದ್ದ ಹತ್ತು ಮಂದಿ ಸರಕು ಹಡಗಿನ ಕಪ್ತಾನರೂ ಕತ್ತಲಲ್ಲಿ, ದೀಪವಿಲ್ಲದೆ, ಸಾಲು ಕೆಡದಂತೆ ಹಡಗು ನಡೆಸುವುದು ತಮ್ಮಿಂದಾಗದೆಂದೂ ಒಂಟಿಯಾಗಿ ಹೋಗುವುದೇ ಮೇಲೆಂದೂ ಹೇಳಿದರು. ಇವೆಲ್ಲದರ ಹಿಂದೆ ಇನ್ನೊಂದು ಮನೋಭಾವವೂ ಇತ್ತು. ಶತ್ರುವನ್ನು ಅರಸಿ ಹೊಡೆಯುವುದು ಶೌರ್ಯ. ಕಲ್ಲಿದ್ದಲಿನ ಹಡಗುಗಳ ಪಕ್ಕದಲ್ಲಿ ಕಾವಲು ಸಾಗುವುದು ನೌಕಾಸೇನೆಯ ಘನತೆಗೆ ತಕ್ಕ ಕೆಲಸವಲ್ಲ ಎಂಬ ಭಾವನೆ ಅದು.

ನಿರ್ಣಾಯಕ ಆಕ್ಷೇಪ ಮಾತ್ರ ಲೆಕ್ಕದ್ದು. ವಾರಕ್ಕೆ ಸುಮಾರು 2,500 ಹಡಗುಗಳು ಬ್ರಿಟನ್ನಿನ ಬಂದರುಗಳಿಗೆ ಬರುತ್ತವೆ, ಅಷ್ಟೇ ಹೊರಡುತ್ತವೆ ಎಂದು ಸರಕಾರ ಪ್ರಕಟಿಸುತ್ತಿತ್ತು. ಐದು ಸಾವಿರ ಯಾನಗಳಿಗೆ ಬೆಂಗಾವಲು ಒದಗಿಸುವಷ್ಟು ವಿಧ್ವಂಸಕ ನೌಕೆಗಳು ಯಾವ ದೇಶದಲ್ಲಿಯೂ ಇರಲಿಲ್ಲ. ಆದುದರಿಂದ ವಿಷಯ ಚರ್ಚೆಗೇ ಅರ್ಹವಲ್ಲವೆಂದು ತೋರಿತು. ಆದರೆ ಆ 2,500ರಲ್ಲಿ ಏನೇನು ಸೇರಿತ್ತು? ಒಂದು ಬಂದರಿನಿಂದ ಪಕ್ಕದ ಬಂದರಿಗೆ ಹೋಗುವ ಕರಾವಳಿಯ ದೋಣಿಗಳು, ಕಾಲುವೆ ದಾಟುವ ಸಣ್ಣ ಹಡಗುಗಳು, ಒಂದೇ ವಾರದಲ್ಲಿ ಹಲವು ಬಾರಿ ಬಂದುಹೋಗುವ ನೌಕೆಗಳು. ಸಂಚಾರ ಸುಗಮವಾಗಿದೆಯೆಂದು ಶತ್ರುವಿಗೂ ತಟಸ್ಥರಿಗೂ ತೋರಿಸಲು ಈ ದೊಡ್ಡ ಸಂಖ್ಯೆ ಅನುಕೂಲವಾಗಿತ್ತು. ವಾರಕ್ಕೆ 40 ಹಡಗುಗಳು ಮುಳುಗಿದವೆಂದು ಇಟ್ಟುಕೊಂಡರೂ ಐದು ಸಾವಿರದ ಎದುರಿಗೆ ಅದು ಶೇಕಡಾ ಒಂದಕ್ಕಿಂತ ಕಡಿಮೆ. ಶತ್ರುವನ್ನು ವಂಚಿಸಲೆಂದು ಹಬ್ಬಿಸಿದ ಅಂಕಿ ಕೊನೆಗೆ ಅದನ್ನು ಹಬ್ಬಿಸಿದವರನ್ನೇ ವಂಚಿಸಿತು.

ಈ ತೊಡಕನ್ನು ಬಿಡಿಸಿದವನು ರೆಜಿನಾಲ್ಡ್ ಹೆಂಡರ್ಸನ್ ಎಂಬ ಕಮಾಂಡರ್ ದರ್ಜೆಯ ಅಧಿಕಾರಿ. ಉತ್ತರ ಫ್ರಾನ್ಸಿನ ಕಲ್ಲಿದ್ದಲು ಗಣಿಗಳು ಜರ್ಮನರ ವಶವಾಗಿದ್ದುದರಿಂದ ಬ್ರಿಟನ್ನಿನ ಕಲ್ಲಿದ್ದಲೇ ಫ್ರಾನ್ಸಿಗೆ ಆಧಾರವಾಗಿತ್ತು. ಆ ಹಡಗುಗಳನ್ನು ಗುಂಪುಗೂಡಿಸಿ ಕಾವಲಿನಲ್ಲಿ ಕಳಿಸುವ ವ್ಯವಸ್ಥೆ, ಫ್ರೆಂಚರ ಒತ್ತಾಯದಿಂದ, ಫೆಬ್ರವರಿಯಲ್ಲಿಯೇ ಆರಂಭವಾಗಿತ್ತು. ಹೀಗೆ ಹೋದ ಸಾವಿರಾರು ಹಡಗುಗಳಲ್ಲಿ ಮುಳುಗಿದವು ಬೆರಳೆಣಿಕೆಯಷ್ಟು. ಆ ಕೆಲಸವನ್ನು ನೋಡಿಕೊಳ್ಳುತ್ತಿದ್ದ ಹೆಂಡರ್ಸನ್ ಹಡಗು ಸಾರಿಗೆ ಸಚಿವಾಲಯದ ನಾರ್ಮನ್ ಲೆಸ್ಲಿಯೊಡನೆ ಕಡತಗಳನ್ನು ಪರಿಶೀಲಿಸಿದಾಗ ನಿಜವಾದ ಅಂಕಿ ಹೊರಬಂತು. ಮಹಾಸಾಗರವನ್ನು ದಾಟಿ ವಾರಕ್ಕೆ ಬರುವ ಹಡಗುಗಳು 120ರಿಂದ 140, ಅಂದರೆ ದಿನಕ್ಕೆ ಸುಮಾರು ಇಪ್ಪತ್ತು ಮಾತ್ರ. ಇಷ್ಟಕ್ಕೆ ಬೆಂಗಾವಲು ಅಸಾಧ್ಯವಾಗಿರಲಿಲ್ಲ. ಅದೇ 40ನ್ನು ಈಗ ಬರುವ 140, ಹೋಗುವ 140ರ ಎದುರಿಗೆ ಇಟ್ಟರೆ ನಷ್ಟ ಏಳರಲ್ಲಿ ಒಂದು. ಸಂಖ್ಯೆ ಕಿರಿದಾದೊಡನೆ ಪರಿಹಾರ ಸಾಧ್ಯವೆನಿಸಿತು, ಅಪಾಯದ ಘೋರತೆಯೂ ಬಯಲಾಯಿತು.

ಯುದ್ಧ ಸಂಪುಟದ ಕಾರ್ಯದರ್ಶಿ ಹ್ಯಾಂಕಿ ಫೆಬ್ರವರಿಯಲ್ಲಿಯೇ ಪ್ರಧಾನಿ ಲಾಯ್ಡ್ ಜಾರ್ಜ್‌ಗೆ ಬೆಂಗಾವಲಿನ ಪರವಾಗಿ ಟಿಪ್ಪಣಿಯನ್ನು ಬರೆದುಕೊಟ್ಟಿದ್ದನು. ಏಪ್ರಿಲ್ 26ರಂದು ಅಡ್ಮಿರಲ್ ಡಫ್ ಸಲ್ಲಿಸಿದ ಶಿಫಾರಸಿಗೆ ಮರುದಿನವೇ ಜೆಲಿಕೊ ಒಪ್ಪಿಗೆ ಕೊಟ್ಟನು. ಮೇ 10ರಂದು ಜಿಬ್ರಾಲ್ಟರಿನಿಂದ ಹೊರಟ ಮೊದಲ ಪ್ರಾಯೋಗಿಕ ಸಾರ್ಥ ಒಂದು ಹಡಗನ್ನೂ ಕಳೆದುಕೊಳ್ಳದೆ ಬ್ರಿಟನ್ ಮುಟ್ಟಿತು. ಸಾಲು ಕಾಯ್ದುಕೊಳ್ಳಲಾರೆವೆಂದಿದ್ದ ವ್ಯಾಪಾರಿ ನಾವಿಕರು ಅದನ್ನು ಚೆನ್ನಾಗಿಯೇ ಕಾಯ್ದುಕೊಂಡರು. ಮೇ 24ರಂದು ಅಮೆರಿಕದ ಹ್ಯಾಂಪ್ಟನ್ ರೋಡ್ಸ್‌ನಿಂದ ಹನ್ನೆರಡು ಹಡಗುಗಳು ಹೊರಟವು. ವೇಗ ಸಾಲದೆ ಎರಡು ಹಡಗುಗಳು ಹಿಂದುಳಿದು ಗುಂಪಿನಿಂದ ಬೇರೆಯಾದವು. ಅವುಗಳಲ್ಲಿ ಒಂದು ಟಾರ್ಪಿಡೊಗೆ ತುತ್ತಾಯಿತು. ಜೊತೆಯಲ್ಲಿ ಉಳಿದ ಹತ್ತೂ ದಡ ಸೇರಿದವು.

ಸಾರ್ಥದ ರಕ್ಷಣೆಯ ಮರ್ಮ ಫಿರಂಗಿಗಳಲ್ಲಿ ಮಾತ್ರವೇ ಇರಲಿಲ್ಲ. ಒಂಟಿ ಹಡಗು ಜಲಾಂತರ್ಗಾಮಿಗೆ ಹತ್ತು ಮೈಲಿ ದೂರದಿಂದ ಕಾಣುತ್ತದೆಂದು ಭಾವಿಸೋಣ. ಎರಡು ಮೈಲಿ ಅಗಲದಲ್ಲಿ ಹರಡಿಕೊಂಡ ಇಪ್ಪತ್ತು ಹಡಗುಗಳ ಗುಂಪು ಅದರ ನಡುಬಿಂದುವಿನಿಂದ ಹನ್ನೊಂದು ಮೈಲಿ ದೂರಕ್ಕೆ ಕಾಣಬಹುದು, ಅಷ್ಟೇ. ಸಾಗರದ ವೈಶಾಲ್ಯದಲ್ಲಿ ಗುಂಪೂ ಒಂಟಿಯಷ್ಟೇ ಅಗೋಚರ. ಇಪ್ಪತ್ತು ಹಡಗುಗಳು ಬಿಡಿಬಿಡಿಯಾಗಿ ಬಂದಾಗ ಬೇಟೆಗಾರನಿಗೆ ಇಪ್ಪತ್ತು ಅವಕಾಶಗಳು. ಒಟ್ಟಾಗಿ ಬಂದಾಗ ಒಂದೇ, ಅದೂ ಕಾವಲಿನ ಎದುರಿಗೆ. ಗುಂಪಿಗೆ ರೇಡಿಯೊ ಮೂಲಕ ದಾರಿ ಬದಲಿಸಲು ಹೇಳುವುದೂ ಸುಲಭ. ಅರಸಿ ಹೋದಾಗ ಸಿಗದ ಶತ್ರು ಬೆಂಗಾವಲು ನೌಕೆಗಳು ಇರುವಲ್ಲಿಗೆ ತಾನಾಗಿಯೇ ಬರಬೇಕಾಯಿತು. ಆ ಯುದ್ಧದಲ್ಲಿ ಜಲಾಂತರ್ಗಾಮಿಯ ಅಧಿಕಾರಿಯಾಗಿದ್ದು, 1918ರಲ್ಲಿ ಇಂತಹ ಒಂದು ಸಾರ್ಥದ ಮೇಲೆ ದಾಳಿ ಮಾಡಲು ಹೋಗಿ ಸೆರೆಸಿಕ್ಕ ಕಾರ್ಲ್ ಡೋನಿಟ್ಸ್, ಬೆಂಗಾವಲು ಪದ್ಧತಿ ಬಂದೊಡನೆ ಸಮುದ್ರವೇ ಬರಿದಾದಂತಾಯಿತೆಂದು ಮುಂದೆ ತನ್ನ ಆತ್ಮಕಥನದಲ್ಲಿ ನೆನೆದಿದ್ದಾನೆ. ಯುದ್ಧದ ಕೊನೆಯವರೆಗೆ ಸಾಗರದ ಸಾರ್ಥಗಳಲ್ಲಿ ನಷ್ಟ ಶೇಕಡಾ ಒಂದನ್ನು ಮೀರಲಿಲ್ಲ.

ಈ ಅಂಕಿಗಳ ಹಿಂದೆ ಮನುಷ್ಯರಿದ್ದರು, ಅವರಲ್ಲಿ ಭಾರತೀಯರೂ ಇದ್ದರು. ಯುದ್ಧ ಆರಂಭವಾದಾಗ ಬ್ರಿಟನ್ನಿನ ವ್ಯಾಪಾರಿ ಹಡಗುಗಳಲ್ಲಿ ಲಸ್ಕರರೆಂದು ಕರೆಯಲ್ಪಡುತ್ತಿದ್ದ ನಾವಿಕರು ಐವತ್ತು ಸಾವಿರದಷ್ಟಿದ್ದರು. ಸಿಲ್ಹೆಟ್, ಕೊಂಕಣ, ಗೋವೆಗಳಿಂದ ಬಂದವರು ಅವರಲ್ಲಿ ಹಲವರು. ಹಡಗಿನ ತಳದಲ್ಲಿ ಕುಲುಮೆಗೆ ಕಲ್ಲಿದ್ದಲು ಎಸೆಯುತ್ತಿದ್ದವರಿಗೆ ಟಾರ್ಪಿಡೊ ಬಡಿದಾಗ ಮೇಲೇರಿ ಬರಲು ಸಮಯವೇ ಇರುತ್ತಿರಲಿಲ್ಲ. ಬಂಗಾಳ, ಅಸ್ಸಾಂ ಮತ್ತು ಉತ್ತರ ಭಾರತದ 896 ಮಂದಿ ಮೃತ ನಾವಿಕರಿಗಾಗಿ ಕೋಲ್ಕತ್ತದಲ್ಲಿ ಹೂಗ್ಲಿ ನದಿಯ ದಡದ ಬಳಿ ಸ್ಮಾರಕವೊಂದು ನಿಂತಿದೆ. ಲೆಕ್ಕದ ತಪ್ಪಿನಿಂದಾದ ವಿಳಂಬದ ಬೆಲೆಯನ್ನು ತೆತ್ತವರು ಲೆಕ್ಕ ಬರೆದವರಲ್ಲ, ಇಂತಹ ನಾವಿಕರು.

ಪಾಠ ಒಮ್ಮೆ ಕಲಿತರೆ ಉಳಿಯುವುದೆಂದೇನೂ ಇಲ್ಲ. 1942ರ ಆರಂಭದಲ್ಲಿ ಅಮೆರಿಕದ ಪೂರ್ವ ಕರಾವಳಿಯಲ್ಲಿ ಹಡಗುಗಳು ಮತ್ತೆ ಒಂಟಿಯಾಗಿ, ದಡದ ದೀಪಗಳ ಬೆಳಕಿನ ಎದುರಿಗೆ ಸಾಗಿದವು. ಕರಾವಳಿಯ ಸಾರ್ಥಗಳು ಮೇ ತಿಂಗಳಲ್ಲಿ ಆರಂಭವಾಗುವವರೆಗೆ ಅಲ್ಲಿನ ನಷ್ಟ ಭೀಕರವಾಗಿತ್ತು. ಆಗ ಜರ್ಮನ್ ಜಲಾಂತರ್ಗಾಮಿಗಳನ್ನು ಕಳಿಸಿದವನು ಅದೇ ಡೋನಿಟ್ಸ್. 1917ರ ಪ್ರಸಂಗ ಸಂಶೋಧಕರಿಗೂ ಒಂದು ಎಚ್ಚರಿಕೆಯೇ ಆಗಿದೆ. 2,500 ಎಂಬ ಸಂಖ್ಯೆ ಸುಳ್ಳಾಗಿರಲಿಲ್ಲ. ಅಷ್ಟು ಹಡಗುಗಳು ನಿಜವಾಗಿಯೂ ಬಂದುಹೋಗುತ್ತಿದ್ದವು. ಅದು ಕೇಳಿದ ಪ್ರಶ್ನೆಗೆ ಉತ್ತರವಾಗಿರಲಿಲ್ಲ, ಅಷ್ಟೇ. ಯಾವುದನ್ನು ಎಣಿಸಲಾಗಿದೆ, ಯಾರಿಗಾಗಿ ಎಣಿಸಲಾಗಿದೆ ಎಂದು ಹೆಂಡರ್ಸನ್ ಕೇಳುವವರೆಗೂ ದಾಖಲೆ ಕಚೇರಿಯಲ್ಲಿಯೇ ಇತ್ತು, ಹಡಗುಗಳು ಮುಳುಗುತ್ತಲೇ ಇದ್ದವು.